ಜನ ಕೂತು ನ್ಯಾಯ ಹೇಳುವುದು ಹೇಗೆ?

(ಕೊಟ್ಟೂರಿನ ಕಾರ್ಯಕರ್ತರ ಶಿಬಿರದಲ್ಲಿ ಮಾಡಿದ ಭಾಷಣ)

ಇಂದಿನ ಭಾಷಣದ ವಿಷಯ ಜ್ಯೂರಿ ಪದ್ಧತಿ ಎಂದು ಕರಪತ್ರದಲ್ಲಿ ಅಚ್ಚಾದುದನ್ನು ನೋಡಿ ಮಿತ್ರರೊಬ್ಬರು ನಮ್ಮನ್ನು ಕೇಳಿದರು: "ಮೇಷ್ಟ್ರೇ, ಕೂಲಿ ಮಾತು ಬಿಟ್ಟು ಕೋರ್ಟಿನ ಮಾತು ಯಾಕ್ರಿ? ಅದೂ ನಮ್ಮ ದೇಶದಾಗೆ ಇಲ್ಲದ್ದು?" ಪ್ರಶ್ನೆ ಸರಿಯಾದುದೇ. ಉತ್ತರ ಹೇಳುವ ಮೊದಲು ನಮ್ಮದೇ ಒಂದು ತಪ್ಪನ್ನು ನಿಮ್ಮ ಮುಂದೆ ಒಪ್ಪಿಕೊಳ್ಳಬೇಕಾಗಿದೆ.

ಕೆಲವು ವರ್ಷಗಳ ಹಿಂದಿನ ಮಾತು. ನಾವು ಶಾಲೆಯ ಕೆಲಸ ಬಿಟ್ಟು ಸಂಘಟನೆಗೆ ಬಂದ ಹೊಸತು. ಒಂದು ಎಣ್ಣೆ ಗಿರಣಿಯಲ್ಲಿ ನಾಲ್ಕು ಚೀಲ ಶೇಂಗಾ ಲೆಕ್ಕಕ್ಕೆ ಕಡಿಮೆ ಬಿದ್ದವು. ಆ ಸಂಜೆ ಕೊನೆಗೆ ಹೊರಗೆ ಹೋದವನು ನಮ್ಮ ಸಂಘದ ಒಬ್ಬ ಹಮಾಲಿ ಎಂದು ಕಾವಲುಗಾರ ಹೇಳಿದ. "ನೀವೇ ತೀರ್ಮಾನ ಮಾಡಿಕೊಳ್ಳಿ, ಇಲ್ಲದಿದ್ದರೆ ಪೊಲೀಸಿಗೆ ಕೊಡುತ್ತೇನೆ" ಎಂದರು ಮಾಲೀಕರು. ಸಮಿತಿಯ ಹನ್ನೊಂದು ಜನ ಕೂತೆವು. ಬಾಗಿಲು ಹಾಕಿದ ಕೂಡಲೇ ಅಧ್ಯಕ್ಷರು, "ಇವನ ಮೇಲೆ ನನಗೆ ಮೊದಲಿಂದಲೂ ಅನುಮಾನ ಇತ್ತು" ಎಂದರು. ಆ ಮಾತು ಬಿದ್ದ ಮೇಲೆ ಬೇರೆ ಮಾತು ಹುಟ್ಟಲಿಲ್ಲ. ತಪ್ಪಿತಸ್ಥ ಎನ್ನುವವರು ಕೈ ಎತ್ತಿ ಎಂದರು. ಹನ್ನೊಂದು ಕೈಗಳೂ ಎದ್ದವು. ಅದರಲ್ಲಿ ನಮ್ಮ ಕೈಯೂ ಒಂದು. ಇಡೀ ವಿಚಾರಣೆ ಕಾಲು ಗಂಟೆಯಲ್ಲಿ ಮುಗಿಯಿತು. ಆ ಮನುಷ್ಯ ಹೊರಗೆ ಕಟ್ಟೆಯ ಮೇಲೆ ಕೂತಿದ್ದ. ಅವನನ್ನು ಒಳಗೆ ಕರೆದು ಒಂದು ಮಾತು ಕೇಳಿದವರಿಲ್ಲ.

ಆರು ವಾರಗಳಾದ ಮೇಲೆ ವ್ಯಾಪಾರಿಗಳ ಲೆಕ್ಕ ತಾಳೆ ನೋಡುವಾಗ ಆ ನಾಲ್ಕು ಚೀಲಗಳು ಇನ್ನೊಬ್ಬರ ಲಾರಿಗೆ ತಪ್ಪಿ ಹೇರಿದ್ದು ಬಯಲಾಯಿತು. ತೂಕದ ಚೀಟಿ ಮೊದಲ ದಿನದಿಂದಲೂ ಗುಮಾಸ್ತರ ಕಡತದಲ್ಲೇ ಇತ್ತು. ಅಷ್ಟರೊಳಗೆ ಆತ ಹಮಾಲಿ ತಂಡದಿಂದ ಹೊರಬಿದ್ದು, ಕಳ್ಳನೆಂಬ ಹೆಸರು ಹೊತ್ತು, ಬೆಂಗಳೂರಿಗೆ ಗಾರೆ ಕೆಲಸಕ್ಕೆ ಹೋಗಿಯಾಗಿತ್ತು. ಕ್ಷಮೆ ಕೇಳಲು ಮನೆಗೆ ಹೋದಾಗ ಅವನ ತಾಯಿ ನಮ್ಮನ್ನು ಬೈಯಲಿಲ್ಲ. "ಹನ್ನೊಂದು ಮಂದಿ ಕುಂತಿದ್ರಂತಲ್ರಪ್ಪಾ, ಒಬ್ರಾದ್ರೂ ಚೀಟಿ ನೋಡೋಣ ಅನ್ಲಿಲ್ಲೇನು?" ಎಂದಷ್ಟೇ ಕೇಳಿದರು. ಆ ಪ್ರಶ್ನೆಗೆ ಅಂದು ನಮ್ಮಲ್ಲಿ ಉತ್ತರವಿರಲಿಲ್ಲ.

ಆ ಹನ್ನೊಂದು ಜನರಲ್ಲಿ ಯಾರೂ ಕೆಟ್ಟವರಲ್ಲ. ಯಾರಿಗೂ ಅವನ ಮೇಲೆ ಹಗೆಯಿರಲಿಲ್ಲ. ಹಾಗಾದರೆ ತಪ್ಪು ಎಲ್ಲಿತ್ತು? ನಾವು ಕೂತ ರೀತಿಯಲ್ಲಿತ್ತು. ಸಾಮಾನ್ಯ ಜನ ಕೂತು ಇನ್ನೊಬ್ಬನ ಮೇಲೆ ತೀರ್ಪು ಹೇಳುವುದು ಒಂದು ಕಸುಬು. ಹೊಲಿಯುವುದನ್ನೂ ಮರಗೆಲಸವನ್ನೂ ಕಲಿಯುವ ಹಾಗೆ ಇದನ್ನೂ ಕಲಿಯಬೇಕು. ಕೆಲವು ದೇಶಗಳು ಇದನ್ನು ಎಂಟುನೂರು ವರ್ಷಗಳಿಂದ ಎಡವುತ್ತ ಏಳುತ್ತ ಕಲಿಯುತ್ತಿವೆ. ಅವರು ಎಡವಿದ ಕಲ್ಲುಗಳನ್ನು ನಾವು ತಿಳಿದುಕೊಂಡರೆ ನಮ್ಮ ಕಾಲು ಉಳಿಯುತ್ತದೆ. ಆದುದರಿಂದಲೇ ಈ ಮಾತು.

ಜ್ಯೂರಿ ಎಂದರೇನು?

ಮೊಕದ್ದಮೆಯಲ್ಲಿ ಎರಡು ಪ್ರಶ್ನೆಗಳಿರುತ್ತವೆ. ನಡೆದದ್ದು ಏನು ಎಂಬುದು ಒಂದು. ನಡೆದದ್ದಕ್ಕೆ ಕಾನೂನು ಏನು ಹೇಳುತ್ತದೆ ಎಂಬುದು ಇನ್ನೊಂದು. ಕಾನೂನು ಹೇಳುವುದಕ್ಕೆ ಜಡ್ಜಿಯೇ ಬೇಕು. ಆದರೆ ಈತ ಕದ್ದನೋ ಇಲ್ಲವೋ, ಆ ಸಾಕ್ಷಿ ನಿಜ ನುಡಿದನೋ ಸುಳ್ಳು ನುಡಿದನೋ ಎಂದು ಹೇಳಲು ಲೋಕದ ಅನುಭವವಿರುವ ಸಾಮಾನ್ಯ ಜನ ಸಾಕು. ಹೀಗೆ ಪ್ರಮಾಣ ಮಾಡಿ ಕೂತು, ಸಾಕ್ಷ್ಯ ಕೇಳಿ, ದೋಷಿ ಅಥವಾ ನಿರ್ದೋಷಿ ಎಂದು ಹೇಳುವ ಜನರ ಗುಂಪಿಗೆ ಜ್ಯೂರಿ ಎಂದು ಹೆಸರು. ಆ ಪದದ ಬೇರಿನಲ್ಲಿಯೇ ಪ್ರಮಾಣ ಮಾಡಿದವರು ಎಂಬ ಅರ್ಥವಿದೆ.

ಹಿಂದೆ ಯುರೋಪಿನಲ್ಲಿಯೂ ನಮ್ಮಲ್ಲಿದ್ದ ಹಾಗೆ ದಿವ್ಯ ಪರೀಕ್ಷೆಗಳಿದ್ದವು. ಕಾದ ಕಬ್ಬಿಣ ಹಿಡಿಸಿ, ಕೈ ಸುಟ್ಟು ಕೀವು ತುಂಬಿದರೆ ಅಪರಾಧಿ ಎನ್ನುತ್ತಿದ್ದರು. 1215ರಲ್ಲಿ ಕ್ರೈಸ್ತ ಮಠವು ತನ್ನ ಪಾದ್ರಿಗಳು ಇಂಥ ಪರೀಕ್ಷೆಯಲ್ಲಿ ಭಾಗವಹಿಸಕೂಡದೆಂದು ವಿಧಿಸಿತು. ದೇವರ ತೀರ್ಪು ನಿಂತುಹೋದಾಗ ಇಂಗ್ಲೆಂಡಿನ ಕೋರ್ಟುಗಳು ನೆರೆಹೊರೆಯ ಹನ್ನೆರಡು ಜನರನ್ನು ಕೇಳತೊಡಗಿದವು. ಅಲ್ಲಿಂದ ಇದು ಬೆಳೆಯಿತು.

ಮೊದಲ ಪಾಠ: ತೀರ್ಪು ಹೇಳುವವನ ತಲೆಯ ಮೇಲೆ ಯಾರ ಕೋಲೂ ಇರಕೂಡದು

1670ರಲ್ಲಿ ಲಂಡನ್ನಿನಲ್ಲಿ ವಿಲಿಯಂ ಪೆನ್ ಮತ್ತು ವಿಲಿಯಂ ಮೀಡ್ ಎಂಬಿಬ್ಬರ ಮೇಲೆ ಬೀದಿಯಲ್ಲಿ ಅಕ್ರಮ ಸಭೆ ಸೇರಿಸಿ ಧರ್ಮಬೋಧೆ ಮಾಡಿದರೆಂದು ಮೊಕದ್ದಮೆ ನಡೆಯಿತು. ಜ್ಯೂರಿಯವರು ಸರಕಾರಕ್ಕೆ ಬೇಕಾದ ತೀರ್ಪು ಕೊಡಲಿಲ್ಲ. ಕೋರ್ಟಿನವರು ಸಿಟ್ಟಾಗಿ ಅವರನ್ನು ಅನ್ನ, ನೀರು, ಬೆಂಕಿ ಇಲ್ಲದೆ ಕೂಡಿಹಾಕಿದರು. ಆದರೂ ಅವರು ಬಗ್ಗಲಿಲ್ಲ. ನಿರ್ದೋಷಿಗಳು ಎಂದೇ ಹೇಳಿದರು. ತಲೆಗೆ ನಲವತ್ತು ಮಾರ್ಕು ದಂಡ ಬಿತ್ತು. ಎಡ್ವರ್ಡ್ ಬುಶೆಲ್ ಎಂಬವನೂ ಅವನ ಜೊತೆಯ ಕೆಲವರೂ ದಂಡ ಕೊಡುವುದಿಲ್ಲವೆಂದು ಜೈಲು ಸೇರಿದರು. ಕಡೆಗೆ ಮುಖ್ಯ ನ್ಯಾಯಾಧೀಶ ವಾಘನ್ ಅವರು, ಕೊಟ್ಟ ತೀರ್ಪಿಗಾಗಿ ಜ್ಯೂರಿಯವರನ್ನು ಶಿಕ್ಷಿಸಕೂಡದು ಎಂದು ತೀರ್ಮಾನಿಸಿದರು. ಜ್ಯೂರಿಗೆ ಬೆನ್ನೆಲುಬು ಬಂದದ್ದು ಅಂದು.

ಈಗ ನಮ್ಮ ಗಿರಣಿಗಳ ಒಳವಿಚಾರಣೆಯನ್ನು ನೆನೆಯಿರಿ. ಆಪಾದನೆ ಹೊರಿಸುವವರು ಮಾಲೀಕರು, ವಿಚಾರಣಾಧಿಕಾರಿಯನ್ನು ನೇಮಿಸುವವರೂ ಅವರೇ. ಸಾಕ್ಷಿ ಹೇಳಲು ಬರುವ ಮೇಸ್ತ್ರಿ ಮರುದಿನ ಅವರ ಹತ್ತಿರವೇ ಸಂಬಳ ತೆಗೆದುಕೊಳ್ಳಬೇಕು. ಬೇಲಿಯೇ ಎದ್ದು ಹೊಲ ಮೇಯ್ದರೆ ಕಾಯುವವರಾರು? ಇದನ್ನು ನಾವು ಟೀಕಿಸುತ್ತೇವೆ, ಟೀಕಿಸಲೇಬೇಕು. ಆದರೆ ನಮ್ಮ ಸಮಿತಿಯಲ್ಲಿ ಅಂದು ಕೂತಿದ್ದ ಹನ್ನೊಂದು ಜನರ ತಲೆಯ ಮೇಲೂ ಒಂದು ಕೋಲು ಇತ್ತು: ಮಾಲೀಕರು ಪೊಲೀಸಿಗೆ ಕೊಟ್ಟಾರು, ಸಂಘಕ್ಕೆ ಕೆಟ್ಟ ಹೆಸರು ಬಂದೀತು ಎಂಬ ಹೆದರಿಕೆ. ಒಬ್ಬನನ್ನು ಬಿಟ್ಟುಕೊಟ್ಟು ಸಂಘವನ್ನು ಉಳಿಸಿಕೊಳ್ಳೋಣವೆಂದು ಒಳಗೊಳಗೇ ಎಲ್ಲರಿಗೂ ಅನ್ನಿಸಿತ್ತು.

ಎರಡನೆಯ ಪಾಠ: ನಮ್ಮ ಸೀಮೆಯದೇ

ಜ್ಯೂರಿ ಎಂಬುದು ನಮ್ಮ ಸೀಮೆಗೆ ಪೂರಾ ಪರಕೀಯವಲ್ಲ. 1800ರಲ್ಲಿ ನಿಜಾಮರು ಬಳ್ಳಾರಿ ಸೀಮೆಯನ್ನು ಕಂಪನಿ ಸರಕಾರಕ್ಕೆ ಬಿಟ್ಟುಕೊಟ್ಟಾಗ ಇಲ್ಲಿಗೆ ಮುಖ್ಯ ಕಲೆಕ್ಟರನಾಗಿ ಬಂದವನು ಥಾಮಸ್ ಮನ್ರೋ. 1807ರವರೆಗೆ ಈ ಸೀಮೆಯನ್ನು ಸುತ್ತಿದ. ಊರ ಪಂಚರು ಕೂತು ವ್ಯಾಜ್ಯ ತೀರಿಸುವುದನ್ನು ಅವನು ಹತ್ತಿರದಿಂದ ಕಂಡವನು. 1816ರಲ್ಲಿ ಮದ್ರಾಸು ಸರಕಾರ ಪಂಚಾಯತಿಗಳಿಗೆ ಸಿವಿಲ್ ವ್ಯಾಜ್ಯ ತೀರಿಸುವ ಅಧಿಕಾರ ಕೊಟ್ಟ ಕಾಯಿದೆಗಳ ಹಿಂದೆ ಅವನ ಒತ್ತಾಯವಿತ್ತು. ಅವನು ಗವರ್ನರನಾಗಿದ್ದಾಗ, 1827ರಲ್ಲಿ, ಕ್ರಿಮಿನಲ್ ವಿಚಾರಣೆಯಲ್ಲೂ ಜ್ಯೂರಿಯನ್ನು ಕ್ರಮೇಣ ತರಬೇಕೆಂದು ಒಂದು ಕಾಯಿದೆಯಾಯಿತು. ಅದೇ ವರ್ಷ ಜುಲೈ 6ರಂದು ಮನ್ರೋ ಪತ್ತಿಕೊಂಡದಲ್ಲಿ ಕಾಲರಾ ತಗುಲಿ ಸತ್ತ. ಆ ಕಾಯಿದೆ ಹೆಚ್ಚು ಬೇರು ಬಿಡಲಿಲ್ಲ. ಮನ್ರೋನನ್ನು ನಾವು ಹೊಗಳುತ್ತಿಲ್ಲ. ಅವನು ಬಂದದ್ದು ಕಂದಾಯ ವಸೂಲಿಗೆ. ಆದರೆ ಈ ನೆಲದ ಜನಕ್ಕೆ ಕೂತು ನ್ಯಾಯ ಹೇಳುವ ಶಕ್ತಿಯಿದೆ ಎಂದು ಅವನಿಗೂ ಕಂಡಿತ್ತು.

ಮುಂದೆ 1953ರ ಅಕ್ಟೋಬರ್ 1ರಂದು ಮೈಸೂರು ರಾಜ್ಯಕ್ಕೆ ಸೇರುವವರೆಗೆ ಕೂಡ್ಲಿಗಿ, ಹಡಗಲಿ, ಹರಪನಹಳ್ಳಿ ತಾಲ್ಲೂಕುಗಳು ಮದ್ರಾಸಿನ ಆಡಳಿತದಲ್ಲೇ ಇದ್ದವು. ನಡೆಯುತ್ತಿದ್ದದ್ದು 1898ರ ಕ್ರಿಮಿನಲ್ ಪ್ರೊಸೀಜರ್ ಕೋಡು. ಅದರ ಪ್ರಕಾರ ಸೆಷನ್ಸ್ ಕೋರ್ಟಿನ ವಿಚಾರಣೆಗೆ ಎರಡು ದಾರಿ. ಸರಕಾರ ಗೊತ್ತುಪಡಿಸಿದ ಜಿಲ್ಲೆಗಳಲ್ಲಿ, ಗೊತ್ತುಪಡಿಸಿದ ಅಪರಾಧಗಳಿಗೆ ಜ್ಯೂರಿ; ಮಿಕ್ಕವಕ್ಕೆ ಅಸೆಸರುಗಳು. ಅಸೆಸರು ಎಂದರೆ ಜಡ್ಜಿಯ ಪಕ್ಕದಲ್ಲಿ ಕೂತು ಕೊನೆಗೆ ಅಭಿಪ್ರಾಯ ಹೇಳುವವನು. ಆ ಅಭಿಪ್ರಾಯಕ್ಕೆ ಜಡ್ಜಿ ಕಟ್ಟುಬೀಳಬೇಕಾಗಿರಲಿಲ್ಲ.

ಇದರಲ್ಲೊಂದು ವಿಚಿತ್ರವಿತ್ತು. ಒಬ್ಬನ ಮೇಲೆ ಎರಡು ಆಪಾದನೆ ಇದ್ದು, ಒಂದು ಜ್ಯೂರಿಗೆ ಸೇರಿದ್ದು, ಇನ್ನೊಂದು ಸೇರದ್ದು ಎಂದಾದರೆ, ಅದೇ ಜನ, ಅದೇ ಬೆಂಚಿನ ಮೇಲೆ, ಒಂದಕ್ಕೆ ಜ್ಯೂರಿಯಾಗಿಯೂ ಇನ್ನೊಂದಕ್ಕೆ ಅಸೆಸರುಗಳಾಗಿಯೂ ಕೂರುತ್ತಿದ್ದರು. ಒಂದು ಪ್ರಶ್ನೆಗೆ ಅವರ ಮಾತಿಗೆ ತೂಕ. ಇನ್ನೊಂದಕ್ಕೆ ಗಾಳಿಗೆ ತೂರಿದ ಹೊಟ್ಟು. ಹೋಗಲಿ, ಜ್ಯೂರಿಯ ಮಾತಾದರೂ ನಿಲ್ಲುತ್ತಿತ್ತೇ? ಜಿಲ್ಲೆಯ ಸೆಷನ್ಸ್ ಜಡ್ಜಿಗೆ ಜ್ಯೂರಿಯ ತೀರ್ಪು ಒಪ್ಪಿಗೆಯಾಗದೆ, ನ್ಯಾಯದ ದೃಷ್ಟಿಯಿಂದ ಅವಶ್ಯವೆಂದು ಕಂಡರೆ, 307ನೆಯ ಕಲಮಿನ ಪ್ರಕಾರ ಮೊಕದ್ದಮೆಯನ್ನು ಹೈಕೋರ್ಟಿಗೆ ಕಳುಹಿಸಬಹುದಿತ್ತು.

ಜ್ಯೂರಿ ಪಟ್ಟಿ ತಯಾರಿಸುತ್ತಿದ್ದವರು ಸೆಷನ್ಸ್ ಜಡ್ಜಿ ಮತ್ತು ಕಲೆಕ್ಟರ್. ಕಾನೂನಿನ ಮೂಲ ಪಾಠದಲ್ಲಿ ಇಪ್ಪತ್ತೊಂದರಿಂದ ಅರವತ್ತು ವರ್ಷದ ಗಂಡಸರಿಗೆ ಮಾತ್ರ ಅಲ್ಲಿ ಜಾಗ. ಕಲೆಕ್ಟರರ ಕಣ್ಣಿಗೆ ಯೋಗ್ಯನಾಗಿ ಕಾಣುವವನು ಹೊಲದಲ್ಲಿ ದುಡಿಯುವವನೋ, ಹೊಲದ ಒಡೆಯನೋ? ನೀವೇ ಹೇಳಿ.

ಮೂರನೆಯ ಪಾಠ: ಕೂತವರು ಯಾರು ಎಂಬುದೇ ಅರ್ಧ ತೀರ್ಪು

1908ರಲ್ಲಿ ಬೊಂಬಾಯಿ ಹೈಕೋರ್ಟಿನಲ್ಲಿ ಲೋಕಮಾನ್ಯ ತಿಲಕರ ಮೇಲೆ ರಾಜದ್ರೋಹದ ವಿಚಾರಣೆ ನಡೆಯಿತು. ಆಪಾದನೆ 'ಕೇಸರಿ' ಪತ್ರಿಕೆಯ ಮರಾಠಿ ಲೇಖನಗಳ ಮೇಲೆ. ಜ್ಯೂರಿಯಲ್ಲಿ ಒಂಬತ್ತು ಜನ: ಏಳು ಯುರೋಪಿಯನರು, ಇಬ್ಬರು ಪಾರ್ಸಿಗಳು. ಮರಾಠಿ ಬರಹದ ಮೇಲೆ ಭಾಷಾಂತರ ನೋಡಿ ತೀರ್ಪು! ಏಳು ಜನ ದೋಷಿ ಎಂದರು, ಇಬ್ಬರು ನಿರ್ದೋಷಿ ಎಂದರು. ನ್ಯಾಯಮೂರ್ತಿ ದಾವರ್ ಆರು ವರ್ಷ ಗಡೀಪಾರು ವಿಧಿಸಿದರು. ತಿಲಕರನ್ನು ಮಂಡಾಲೆಗೆ ಕಳುಹಿಸಿದರು. ಅದಕ್ಕೆ ಉತ್ತರ ಕೊಟ್ಟವರು ಯಾರು? ಬೊಂಬಾಯಿಯ ಗಿರಣಿ ಕಾರ್ಮಿಕರು. ವರ್ಷಕ್ಕೊಂದು ದಿನದಂತೆ ಆರು ದಿನ ಮಗ್ಗ ನಿಲ್ಲಿಸಿ ಬೀದಿಗೆ ಬಂದರು. ಜ್ಯೂರಿಯಲ್ಲಿ ಜಾಗವಿಲ್ಲದವರು ಬೀದಿಯಲ್ಲಿ ತೀರ್ಪು ಹೇಳಿದರು.

1897ರಲ್ಲಿ ಇದೇ ತಿಲಕರ ಮೊದಲ ರಾಜದ್ರೋಹ ವಿಚಾರಣೆಯಲ್ಲಿಯೂ ಆರು ಯುರೋಪಿಯನರು ದೋಷಿ ಎಂದಿದ್ದರು, ಮೂವರು ಭಾರತೀಯರು ನಿರ್ದೋಷಿ ಎಂದಿದ್ದರು. ಕೇಳಿದ ಸಾಕ್ಷ್ಯ ಒಂದೇ. ಚರ್ಮದ ಬಣ್ಣದ ಮೇಲೆ ಗೆರೆ ಎಳೆದಂತೆ ಮತಗಳು ಒಡೆದವು.

ಎಲ್ಲರೂ ಒಂದೇ ಮಾತು ಹೇಳಿದರೆ ನ್ಯಾಯವೆಂದು ನಂಬಬಹುದೇ? ಅದೂ ಸಾಲದು. 1955ರಲ್ಲಿ ಅಮೆರಿಕದ ಮಿಸಿಸಿಪ್ಪಿಯಲ್ಲಿ ಎಮೆಟ್ ಟಿಲ್ ಎಂಬ ಹದಿನಾಲ್ಕು ವರ್ಷದ ಕಪ್ಪು ಹುಡುಗನನ್ನು ಬಿಳಿಯರಿಬ್ಬರು ಎಳೆದೊಯ್ದು ಕೊಂದರು. ಜ್ಯೂರಿಯ ಹನ್ನೆರಡು ಜನರೂ ಬಿಳಿಯ ಗಂಡಸರು. ಆ ಜಿಲ್ಲೆಯಲ್ಲಿ ಕಪ್ಪು ಜನರೇ ಹೆಚ್ಚು. ಆದರೆ ಮತದಾರರ ಪಟ್ಟಿಗೇ ಅವರನ್ನು ಸೇರಿಸಿರಲಿಲ್ಲವಾದುದರಿಂದ ಜ್ಯೂರಿಯಲ್ಲೂ ಒಬ್ಬನಿರಲಿಲ್ಲ. ಒಂದು ಗಂಟೆಗಿಂತ ಸ್ವಲ್ಪ ಹೆಚ್ಚು ಹೊತ್ತಿನಲ್ಲಿ ಒಮ್ಮತದ ತೀರ್ಪು ಬಂತು: ನಿರ್ದೋಷಿಗಳು. ಮುಂದಿನ ವರ್ಷ ಆ ಇಬ್ಬರೇ ಒಂದು ಪತ್ರಿಕೆಯಿಂದ ಹಣ ಪಡೆದು, ಕೊಂದದ್ದು ತಾವೇ ಎಂದು ಹೇಳಿಕೊಂಡರು. ಒಮ್ಮೆ ಬಿಡುಗಡೆಯಾದವರನ್ನು ಮತ್ತೆ ವಿಚಾರಿಸುವಂತಿರಲಿಲ್ಲ.

ನಮ್ಮ ಹನ್ನೊಂದು ಕೈಗಳೂ ಹಾಗೆಯೇ ಒಮ್ಮತದಿಂದ ಎದ್ದಿದ್ದವು. ಆ ಸಮಿತಿಯಲ್ಲಿ ಹೆಂಗಸೊಬ್ಬಳೂ ಇರಲಿಲ್ಲ. ಆ ಹಮಾಲಿಯ ಕೇರಿಯವನೊಬ್ಬನೂ ಇರಲಿಲ್ಲ. ಇದ್ದಿದ್ದರೆ ಒಬ್ಬನಾದರೂ, "ತಡೀರಿ, ಅವನನ್ನು ಕರೆದು ಕೇಳೋಣ" ಎನ್ನುತ್ತಿದ್ದನೋ ಏನೋ.

ನಾಲ್ಕನೆಯ ಪಾಠ: ಎಷ್ಟು ಜನ ಒಪ್ಪಬೇಕು, ಹೇಗೆ ಒಪ್ಪಬೇಕು

ಇದರಲ್ಲಿ ದೇಶಕ್ಕೊಂದು ಲೆಕ್ಕ. ಇಂಗ್ಲೆಂಡಿನಲ್ಲಿ ಹನ್ನೆರಡು ಜನರೂ ಒಪ್ಪಲೇಬೇಕೆಂಬ ನಿಯಮ ಶತಮಾನಗಳ ಕಾಲ ನಡೆಯಿತು. 1967ರಿಂದ, ಕನಿಷ್ಠ ಎರಡು ಗಂಟೆ ಕೂತು ಯತ್ನಿಸಿಯೂ ಒಮ್ಮತ ಬಾರದಿದ್ದರೆ ಹತ್ತು ಜನರ ಮತ ಸಾಕು. ಅಮೆರಿಕದಲ್ಲಿ ಎರಡು ರಾಜ್ಯಗಳು ಹತ್ತು ಮತಕ್ಕೇ ಶಿಕ್ಷೆ ಕೊಡುತ್ತಿದ್ದವು. ಅವುಗಳಲ್ಲೊಂದಾದ ಲೂಯಿಸಿಯಾನದಲ್ಲಿ ಆ ನಿಯಮ ಹುಟ್ಟಿದ್ದು 1898ರಲ್ಲಿ. ಜ್ಯೂರಿಯೊಳಗೆ ಒಬ್ಬಿಬ್ಬರು ಕಪ್ಪು ಜನ ಬಂದರೂ ಅವರ ಮತ ಲೆಕ್ಕಕ್ಕೆ ಬಾರದಿರಲಿ ಎಂಬ ಕುತಂತ್ರದಿಂದ. 2020ರಲ್ಲಿ ಅಲ್ಲಿಯ ಸುಪ್ರೀಂ ಕೋರ್ಟು, ಗಂಭೀರ ಅಪರಾಧಕ್ಕೆ ಎಲ್ಲರ ಒಪ್ಪಿಗೆ ಬೇಕೇ ಬೇಕು ಎಂದಿತು. ಸ್ಕಾಟ್ಲೆಂಡಿನಲ್ಲಿ ಹದಿನೈದು ಜನರ ಜ್ಯೂರಿ. ಎಂಟು ಮತವಾದರೆ ಸಾಕಿತ್ತು. ದೋಷಿ, ನಿರ್ದೋಷಿ ಎಂಬ ಎರಡರ ಜೊತೆಗೆ 'ರುಜುವಾತಾಗಿಲ್ಲ' ಎಂಬ ಮೂರನೆಯ ತೀರ್ಪೂ ಇತ್ತು. 2025ರಲ್ಲಿ ಅಲ್ಲಿಯ ಪಾರ್ಲಿಮೆಂಟು ಆ ಮೂರನೆಯದನ್ನು ತೆಗೆದುಹಾಕುವ, ದೋಷಿ ಎನ್ನಲು ಮೂರರಲ್ಲಿ ಎರಡು ಪಾಲು ಮತ ಬೇಕೆನ್ನುವ ಕಾನೂನು ಮಾಡಿತು.

ಫ್ರಾನ್ಸಿನ ಕ್ರಮ ಬೇರೆ. ಅಲ್ಲಿ ಜ್ಯೂರಿ ಬಂದದ್ದು ಮಹಾಕ್ರಾಂತಿಯ ಕಾಲದಲ್ಲಿ, 1791ರಲ್ಲಿ. ಈಗ ದೊಡ್ಡ ಅಪರಾಧಗಳ ಕೋರ್ಟಿನಲ್ಲಿ ಮೂವರು ಜಡ್ಜಿಗಳೂ ಆರು ಜನ ಸಾಮಾನ್ಯರೂ ಒಟ್ಟಿಗೆ ಕೂರುತ್ತಾರೆ. ಕೈ ಎತ್ತುವುದಿಲ್ಲ, ಚೀಟಿಯಲ್ಲಿ ಹೌದು ಅಥವಾ ಅಲ್ಲ ಎಂದು ಬರೆದು ಪೆಟ್ಟಿಗೆಗೆ ಹಾಕುತ್ತಾರೆ. ಏನೂ ಬರೆಯದ ಚೀಟಿ ಆಪಾದಿತನ ಪಾಲಿಗೆ. ಒಂಬತ್ತರಲ್ಲಿ ಏಳು ಮತ ಬೀಳದೆ ದೋಷಿ ಎನ್ನುವಂತಿಲ್ಲ. ಎಣಿಸಿದ ಕೂಡಲೇ ಚೀಟಿಗಳನ್ನು ಸುಡುತ್ತಾರೆ. ಯಾರು ಏನು ಬರೆದರೆಂದು ಹೊರಗೆ ತಿಳಿಯುವುದಿಲ್ಲ. ಆದರೆ ತೀರ್ಪಿಗೆ ಮುಖ್ಯ ಕಾರಣಗಳನ್ನು ಬರೆದಿಡುವುದು ಕೆಲವು ವರ್ಷಗಳಿಂದ ಕಡ್ಡಾಯ. ಜಪಾನಿನಲ್ಲಿ 2009ರಿಂದ ಮೂವರು ಜಡ್ಜಿಗಳ ಜೊತೆ ಆರು ಜನ ಸಾಮಾನ್ಯರು ಕೂರುತ್ತಾರೆ. ಬಹುಮತ ಸಾಕು, ಆದರೆ ಆ ಬಹುಮತದಲ್ಲಿ ಜಡ್ಜಿಯೊಬ್ಬನಾದರೂ, ಸಾಮಾನ್ಯನೊಬ್ಬನಾದರೂ ಇರಬೇಕು.

ಬಾಗಿಲು ಮುಚ್ಚಿದ ಕೋಣೆಯಲ್ಲಿ ನಡೆಯುವುದೇನು? ಅಮೆರಿಕದ ಕ್ಯಾಲ್ವನ್ ಮತ್ತು ಝೈಸಲ್ ಎಂಬ ಪಂಡಿತರು 1966ರಲ್ಲಿ ಒಂದು ಗ್ರಂಥ ಪ್ರಕಟಿಸಿದರು. 3,576 ವಿಚಾರಣೆಗಳಲ್ಲಿ, ನೀವಾಗಿದ್ದರೆ ಏನು ತೀರ್ಪು ಕೊಡುತ್ತಿದ್ದಿರಿ ಎಂದು ಜಡ್ಜಿಗಳನ್ನು ಕೇಳಿದ್ದರು. ನೂರಕ್ಕೆ ಸುಮಾರು 78ರಲ್ಲಿ ಜಡ್ಜಿಯೂ ಜ್ಯೂರಿಯೂ ಒಂದೇ ಮಾತು. ಓದದ ಜನಕ್ಕೆ ನ್ಯಾಯ ತಿಳಿಯದು ಎನ್ನುವವರಿಗೆ ಇದು ಉತ್ತರ. ಆದರೆ ಅವರೇ ಕಂಡ ಇನ್ನೊಂದು ಸಂಗತಿ ಎಚ್ಚರಿಕೆಯದು. ಮೊದಲ ಸಲ ಮತ ಎಣಿಸಿದಾಗ ಯಾವ ಕಡೆ ಹೆಚ್ಚು ಜನರಿದ್ದರೋ, ಹತ್ತರಲ್ಲಿ ಸುಮಾರು ಒಂಬತ್ತು ಸಲ ಕೊನೆಯ ತೀರ್ಪೂ ಆ ಕಡೆಗೇ ಹೋಯಿತು. ಅಂದರೆ ಒಬ್ಬಂಟಿಯಾಗಿ ಎದ್ದು ನಿಂತು ಎಲ್ಲರ ಮನಸ್ಸು ತಿರುಗಿಸುವುದು ಸಿನಿಮಾದಲ್ಲಿ ನೋಡುವಷ್ಟು ಸುಲಭವಲ್ಲ.

1983ರಲ್ಲಿ ಪ್ರಕಟವಾದ ಇನ್ನೊಂದು ಅಧ್ಯಯನದಲ್ಲಿ ಹೇಸ್ಟಿ ಮತ್ತು ಅವರ ಸಂಗಡಿಗರು ಅಣಕು ಜ್ಯೂರಿಗಳನ್ನು ಕೂರಿಸಿ ನೋಡಿದರು. ಕೆಲವು ಗುಂಪುಗಳು ಕೂತ ಕೂಡಲೇ ಮತ ಹಾಕಿ, ಆಮೇಲೆ ತಮ್ಮ ತಮ್ಮ ಪಕ್ಷಕ್ಕೆ ವಾದ ಹುಡುಕುತ್ತವೆ. ಇನ್ನು ಕೆಲವು ಮೊದಲು ಸಾಕ್ಷ್ಯವನ್ನೆಲ್ಲ ಹರಡಿಕೊಂಡು, ನಡೆದದ್ದೇನೆಂದು ಒಟ್ಟಿಗೆ ಕಟ್ಟಿ ನೋಡಿ, ಕೊನೆಗೆ ಮತ ಹಾಕುತ್ತವೆ. ಎಲ್ಲರೂ ಒಪ್ಪಲೇಬೇಕೆಂಬ ನಿಯಮವಿದ್ದಲ್ಲಿ ಚರ್ಚೆ ಹೆಚ್ಚು ಹೊತ್ತು ನಡೆಯಿತು. ಬಹುಮತ ಸಾಕೆಂದಲ್ಲಿ ಕಡಿಮೆ ಸಂಖ್ಯೆಯವರು ಬಾಯಿ ಬಿಡುವುದೇ ಕಡಿಮೆಯಾಯಿತು. ನಮ್ಮ ಹಿರಿಯರು ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು ಎಂದದ್ದೂ ಇದನ್ನೇ. ಮೊದಲು ಚೀಟಿ ನೋಡು, ಆಮೇಲೆ ಕೈ ಎತ್ತು.

ಐದನೆಯ ಪಾಠ: ಹೊರಗಿನ ಗದ್ದಲ

ನಮ್ಮ ದೇಶದಲ್ಲಿ ಜ್ಯೂರಿ ಎಂದ ಕೂಡಲೇ ನಾನಾವತಿ ಮೊಕದ್ದಮೆಯ ಹೆಸರು ಬರುತ್ತದೆ. ನೌಕಾದಳದ ಅಧಿಕಾರಿ ನಾನಾವತಿ 1959ರ ಏಪ್ರಿಲ್ 27ರಂದು ಬೊಂಬಾಯಿಯಲ್ಲಿ ಪ್ರೇಮ್ ಅಹುಜಾ ಎಂಬ ವ್ಯಾಪಾರಿಯನ್ನು ಗುಂಡಿಟ್ಟು ಕೊಂದ. ವಿಚಾರಣೆ ಮುಗಿಯುವ ಮೊದಲೇ 'ಬ್ಲಿಟ್ಜ್' ವಾರಪತ್ರಿಕೆ ಅವನನ್ನು ವೀರನನ್ನಾಗಿ ಮಾಡಿ ಬರೆಯಿತು. ಜ್ಯೂರಿ ಒಂದಕ್ಕೆ ಎಂಟು ಮತದಿಂದ ನಿರ್ದೋಷಿ ಎಂದಿತು. ಸೆಷನ್ಸ್ ಜಡ್ಜಿ ಮೆಹ್ತಾ ಅದನ್ನು ಒಪ್ಪದೆ, ನಾವು ಆಗಲೇ ಹೇಳಿದ 307ನೆಯ ಕಲಮಿನಂತೆ ಹೈಕೋರ್ಟಿಗೆ ಕಳುಹಿಸಿದರು. ಜಡ್ಜಿ ಜ್ಯೂರಿಗೆ ಕಾನೂನು ವಿವರಿಸಿದ್ದರಲ್ಲಿಯೇ ತಪ್ಪುಗಳಿವೆಯೆಂದು ಹೈಕೋರ್ಟು ಕಂಡಿತು. ನಾನಾವತಿಗೆ ಜೀವಾವಧಿ ಶಿಕ್ಷೆ ವಿಧಿಸಿತು. 1961ರ ನವೆಂಬರ್ 24ರಂದು ಸುಪ್ರೀಂ ಕೋರ್ಟು ಅದನ್ನು ಎತ್ತಿಹಿಡಿಯಿತು. 1964ರಲ್ಲಿ ಗವರ್ನರರ ಕ್ಷಮಾದಾನವೂ ಸಿಕ್ಕಿತು. ನಾವು ಕೇಳುವುದು ಇಷ್ಟೇ: ಗುಂಡು ಹಾರಿಸಿದವನು ಅಧಿಕಾರಿಯಾಗಿರದೆ ಬಂದರಿನ ಹಮಾಲಿಯಾಗಿದ್ದರೆ ಆ ಪತ್ರಿಕೆ, ಆ ಜನಜಂಗುಳಿ, ಆ ಕ್ಷಮೆ ಅವನಿಗೆ ಸಿಗುತ್ತಿತ್ತೇ?

ಈ ಒಂದು ಮೊಕದ್ದಮೆಯಿಂದಲೇ ಜ್ಯೂರಿ ಹೋಯಿತು ಎನ್ನುವುದು ಸರಿಯಲ್ಲ. 1955ರ ತಿದ್ದುಪಡಿಯಿಂದ ಅಸೆಸರುಗಳು ಆಗಲೇ ಹೋಗಿದ್ದರು. ಸೆಟಲ್ವಾಡ್ ಅವರ ಅಧ್ಯಕ್ಷತೆಯ ಲಾ ಕಮಿಷನ್ 1958ರಲ್ಲಿಯೇ ಜ್ಯೂರಿಯನ್ನು ರದ್ದು ಮಾಡಲು ಹೇಳಿತ್ತು. ನಾನಾವತಿಯ ಮೇಲೂ ಬಂಗಾಳದಲ್ಲಿ ಕೆಲವು ಕಾಲ ಜ್ಯೂರಿ ನಡೆಯಿತು. 1974ರ ಏಪ್ರಿಲ್ 1ರಂದು ಜಾರಿಗೆ ಬಂದ ಹೊಸ ಕೋಡಿನಲ್ಲಿ ಅದಕ್ಕೆ ಜಾಗವಿರಲಿಲ್ಲ. 2024ರ ಜುಲೈಯಿಂದ ಜಾರಿಯಲ್ಲಿರುವ ಸಂಹಿತೆಯಲ್ಲೂ ಇಲ್ಲ. ಪಾರ್ಸಿಗಳ ವಿವಾಹ ವ್ಯಾಜ್ಯಗಳಲ್ಲಿ ಜಡ್ಜಿಯ ಜೊತೆ ಕೂರುವ ಪ್ರತಿನಿಧಿಗಳು ಮಾತ್ರ ಅದರ ಗುರುತಾಗಿ ಉಳಿದಿದ್ದಾರೆ.

ಹಾಗಾದರೆ ಜ್ಯೂರಿ ಮತ್ತೆ ಬರಲಿ ಎಂದು ನಾವು ಕೂಗುತ್ತಿದ್ದೇವೆಯೇ? ಇಲ್ಲ. ಜಾತಿಯ ಕಟ್ಟು ಇಷ್ಟು ಬಿಗಿಯಾಗಿರುವ ನಮ್ಮ ಹಳ್ಳಿಗಳಲ್ಲಿ, ಬಡವನ ಮೊಕದ್ದಮೆಗೆ ಉಳ್ಳವರ ಜ್ಯೂರಿ ಕೂತರೆ ಏನಾದೀತೆಂದು ನಮಗೆ ಗೊತ್ತು. ಕುಲಪಂಚಾಯತಿಯೂ ಜನರ ನ್ಯಾಯವೇ ಅಲ್ಲವೇ ಎಂದು ಕೆಲವರು ಕೇಳುತ್ತಾರೆ. ಅಲ್ಲ. ಅಲ್ಲಿ ಕೂರುವವರು ಹುಟ್ಟಿನಿಂದ ಕೂರುತ್ತಾರೆ, ಹೆಂಗಸರು ಅಲ್ಲಿ ನಿಂತು ಕೇಳಬೇಕು, ತೀರ್ಪಿನ ಮೇಲೆ ಅಪೀಲಿಲ್ಲ, ದಂಡ ಮತ್ತು ಬಹಿಷ್ಕಾರವೇ ಅದರ ಆಯುಧ. ಪ್ರಾಯಕ್ಕೆ ಬಂದ ಗಂಡುಹೆಣ್ಣು ಒಪ್ಪಿ ಮಾಡಿಕೊಂಡ ಮದುವೆಯಲ್ಲಿ ಇಂಥ ಪಂಚಾಯತಿಗಳು ಕೈಹಾಕುವುದು ಕಾನೂನುಬಾಹಿರವೆಂದು ಸುಪ್ರೀಂ ಕೋರ್ಟು 2018ರಲ್ಲಿ ಸ್ಪಷ್ಟವಾಗಿ ಹೇಳಿದೆ.

ನಮ್ಮ ಕೆಲಸ

ಕೋರ್ಟಿನಲ್ಲಿ ಜ್ಯೂರಿ ಇಲ್ಲದಿರಬಹುದು. ಆದರೆ ಸಂಘದ ಸಮಿತಿ, ಸಹಕಾರಿ ಸಂಘದ ಮಂಡಳಿ, ವ್ಯಾಪಾರಿಗಳ ಕೂಟ, ಇವೆಲ್ಲ ದಿನವೂ ಒಬ್ಬರಲ್ಲ ಒಬ್ಬರ ಮೇಲೆ ತೀರ್ಪು ಹೇಳುತ್ತಲೇ ಇವೆ. ಆ ತೀರ್ಪಿನಿಂದ ಒಬ್ಬನ ಅನ್ನ ಹೋಗುತ್ತದೆ, ಹೆಸರು ಹೋಗುತ್ತದೆ. ಆದುದರಿಂದ ಈ ಶಿಬಿರದ ಮುಂದೆ ಕೆಲವು ಸೂಚನೆಗಳನ್ನು ಇಡುತ್ತೇವೆ.

ಒಂದು: ಆಪಾದನೆ ಬರಹದಲ್ಲಿರಲಿ. ಆಪಾದಿತ ಎದುರಿಗೇ ಕೂರಲಿ, ಜೊತೆಗೆ ಬೇಕಾದವರೊಬ್ಬರನ್ನು ಕರೆತರಲಿ, ಅವನ ಮಾತು ಪೂರ್ತಿ ಕೇಳೋಣ.

ಎರಡು: ಫಿರ್ಯಾದಿಯೂ, ಅವನ ನೆಂಟರೂ, ಅವನಿಗೆ ಸಾಲ ಕೊಡಬೇಕಾದವರೂ ತೀರ್ಪಿಗೆ ಕೂರಬಾರದು. ಕೂರುವವರಲ್ಲಿ ಹೆಂಗಸರಿರಲಿ, ಬೇರೆ ಬೇರೆ ಕೇರಿಯವರಿರಲಿ, ಬೇರೆ ಗಿರಣಿಯವರಿರಲಿ. ಕಾರ್ಮಿಕನ ಮೇಲಿನ ಫಿರ್ಯಾದಿಗೆ ಒಬ್ಬ ಅಂಗಡಿಕಾರರೂ, ಅಂಗಡಿಕಾರರ ಮೇಲಿನದಕ್ಕೆ ಒಬ್ಬ ಕಾರ್ಮಿಕನೂ ಇರಲಿ.

ಮೂರು: ಚೀಟಿ, ರಸೀದಿ, ಲೆಕ್ಕದ ಪುಸ್ತಕ ಮೇಜಿನ ಮೇಲೆ ಬರುವವರೆಗೆ ಯಾರೂ ಅಭಿಪ್ರಾಯ ಹೇಳಕೂಡದು. ಅಧ್ಯಕ್ಷರು ಎಲ್ಲರಿಗಿಂತ ಕೊನೆಗೆ ಮಾತಾಡಲಿ. ಎಲ್ಲರಿಗಿಂತ ಕಿರಿಯರು ಮೊದಲು ಮಾತಾಡಲಿ.

ನಾಲ್ಕು: ಕೈ ಎತ್ತುವುದು ಬೇಡ. ಪೆಟ್ಟಿಗೆಗೆ ಚೀಟಿ ಹಾಕೋಣ. ಹನ್ನೊಂದರಲ್ಲಿ ಒಂಬತ್ತು ಮತ ಬೀಳದೆ ಯಾರನ್ನೂ ತಪ್ಪಿತಸ್ಥ ಎನ್ನಬಾರದು. ಖಾಲಿ ಚೀಟಿ ಆಪಾದಿತನದು.

ಐದು: ಕಾರಣಗಳನ್ನು ನಾಲ್ಕು ಸಾಲಿನಲ್ಲಾದರೂ ಬರೆದಿಡೋಣ. ಒಪ್ಪದವನು ಇನ್ನೊಂದು ತಾಲ್ಲೂಕಿನ ಸಮಿತಿಗೆ ಅಪೀಲು ಹೋಗಬಹುದು. ಹರಪನಹಳ್ಳಿಯ ತೀರ್ಪನ್ನು ಹಡಗಲಿಯವರು ನೋಡಲಿ, ಕೂಡ್ಲಿಗಿಯದನ್ನು ಕೊಟ್ಟೂರಿನವರು ನೋಡಲಿ.

ಆರು: ಸಂಘದ ಶಿಸ್ತು ಮಾತ್ರ ನಮ್ಮ ಕೈಯಲ್ಲಿದೆ. ಅಪರಾಧ ಕಾನೂನಿಗೆ ಸೇರಿದ್ದು. ದಂಡ, ಬಹಿಷ್ಕಾರ, ಹೊಡೆತ ಇವುಗಳಿಗೆ ನಮ್ಮಲ್ಲಿ ಜಾಗವಿಲ್ಲ.

ಬಂಧುಗಳೇ, ಇದನ್ನು ಇವತ್ತೇ ಹೇಳುವುದಕ್ಕೆ ಕಾರಣವಿದೆ. ಮುಂದಿನ ಭಾನುವಾರ ನಮ್ಮ ಮುಂದೆ ಒಂದು ಫಿರ್ಯಾದು ಬರಲಿದೆ. ಸಣ್ಣ ವ್ಯಾಪಾರಿಗಳು ಕೂಡಿಟ್ಟ ಹಣದಲ್ಲಿ ಕೊರತೆ ಬಿದ್ದಿದೆ. ಲೆಕ್ಕ ಬರೆಯುತ್ತಿದ್ದ ಹೆಣ್ಣುಮಗಳೊಬ್ಬಳ ಮೇಲೆ ಅನುಮಾನ. ಆಕೆ ತಪ್ಪಿತಸ್ಥೆಯೋ ಅಲ್ಲವೋ ನಮಗೆ ಗೊತ್ತಿಲ್ಲ. ನಿಮಗೂ ಗೊತ್ತಿಲ್ಲ. ಆದರೆ ಚಹದಂಗಡಿಗಳಲ್ಲಿ ಆಗಲೇ ತೀರ್ಪಾಗಿದೆ ಎಂದು ಕೇಳುತ್ತೇವೆ. ಹಣ ಕಳೆದುಕೊಂಡ ವ್ಯಾಪಾರಿಗಳ ಸಂಕಟ ಸುಳ್ಳಲ್ಲ. ದಿನಕ್ಕೆ ಹತ್ತು ಇಪ್ಪತ್ತು ರೂಪಾಯಿ ಉಳಿಸಿ ಕಟ್ಟಿದ ಹಣ ಅದು. ಅವರಿಗೂ ನ್ಯಾಯ ಬೇಕು. ನಿಜವಾಗಿ ತಪ್ಪು ಮಾಡಿದವರು ಸಿಕ್ಕರೆ ಮಾತ್ರ ಅವರಿಗೆ ನ್ಯಾಯ. ಸುಮ್ಮನೆ ಒಬ್ಬರು ಸಿಕ್ಕರೆ ಅದು ನ್ಯಾಯವಲ್ಲ.

ಭಾನುವಾರ ಕೂರುವ ಹನ್ನೊಂದು ಜನರನ್ನು ಈ ಸೂಚನೆಗಳ ಪ್ರಕಾರವೇ ಆರಿಸೋಣ. ಅಲ್ಲಿಯವರೆಗೆ ಆಕೆಯ ಹೆಸರನ್ನು ಯಾರೂ ಕಳ್ಳಿ ಎಂದು ಸೇರಿಸಿ ಹೇಳದಿರೋಣ. ನಾವು ಆ ಸಮಿತಿಯಲ್ಲಿ ಕೂರುವುದಿಲ್ಲ. ಹಿಂದೆ ಒಮ್ಮೆ ನೋಡದೆ ಕೈ ಎತ್ತಿದವರು ನಾವು. ಬಾಗಿಲ ಬಳಿ ನಿಂತು ಲೆಕ್ಕದ ಪುಸ್ತಕ ಒಳಗೆ ಹೋಯಿತೇ, ಆಕೆಯನ್ನು ಒಳಗೆ ಕರೆದರೇ ಎಂದು ನೋಡುತ್ತೇವೆ.

ಬೆಂಗಳೂರಿಗೆ ಹೋದ ಆ ಹಮಾಲಿ ಬಂಧುವಿಗೆ ಸಂಘ ಕ್ಷಮಾಪತ್ರ ಬರೆಯಿತು, ಸದಸ್ಯತ್ವವನ್ನೂ ಹಿಂದಕ್ಕೆ ಕೊಟ್ಟಿತು. ಆತ ಇನ್ನೂ ಊರಿಗೆ ಬಂದಿಲ್ಲ. ಅವನ ತಾಯಿ ಕೇಳಿದ ಪ್ರಶ್ನೆಗೆ ಭಾನುವಾರವಾದರೂ ನಾವು ಉತ್ತರ ಕೊಡಬೇಕು.